ಒಂದು ಮಾತೂ ಬಿಡದ ದುಭಾಷಿ

ಇಪ್ಪತ್ತಾರು ವರ್ಷ ಅವಳು ನ್ಯಾಯಾಲಯದಲ್ಲಿ ದುಭಾಷಿಯಾಗಿದ್ದಳು. ಕಟಕಟೆಯ ಪಕ್ಕ ನಿಂತು, ಸಾಕ್ಷಿ ಆಡಿದ್ದನ್ನು ನ್ಯಾಯಾಧೀಶರ ಭಾಷೆಗೆ ತಿರುಗಿಸುವ ಕೆಲಸ. ಒಮ್ಮೆ ಆರೋಪಿಯೊಬ್ಬ ರೇಗಿ, ನ್ಯಾಯಾಧೀಶರ ತಲೆಯಲ್ಲಿರುವುದು ಬರೀ ಮಣ್ಣು ಎಂದಾಗ ಅದನ್ನೂ ಅವರ ಮುಖಕ್ಕೇ ಹೇಳಿದ್ದಳು.

"ಇದು ಅವನ ಮಾತೋ, ನಿಮ್ಮದೋ?" ಕನ್ನಡಕದ ಮೇಲಿಂದ ನೋಡಿದ್ದರು ಅವರು.

"ಅವನದೇ ಸ್ವಾಮಿ. ನನ್ನದಾಗಿದ್ರೆ ಸ್ವಲ್ಪ ನಯವಾಗಿರ್ತಿತ್ತು."

ನಿವೃತ್ತಳಾದ ಮೇಲೆ ಪ್ರಾರ್ಥನಾ ಮಂದಿರದ ಹಿಂದಿನ ಕೋಣೆಯ ಬೈಬಲ್ ತರಗತಿಗೆ ಸೇರಿದಳು. ಭಾನುವಾರದ ಆರಾಧನೆಯಲ್ಲಿ ಪ್ರಸಂಗ ಮಾಡುವ ಸಭೆಯ ಹಿರಿಯರು ಅವಳ ಚಿಕ್ಕಪ್ಪನೇ. ಅಪ್ಪ ತೀರಿಕೊಂಡಾಗ ಅವಳನ್ನು ಸಾಕಿ ಓದಿಸಿದವರು. ಅವರು ಹಾಕಿದ ಗೆರೆಯನ್ನು ಅವಳು ದಾಟಿದ್ದೇ ಇಲ್ಲ.

ಆ ವರ್ಷ, ಯೇಸುವಿನ ಜೀವನದ ಕಥೆ ಹೇಳುವ ಮಾರ್ಕನ ಸುವಾರ್ತೆಯ ಪಾಠ ಹೇಳಲು ಬೇರೆ ಭಾಷೆಯ ಅಧ್ಯಾಪಕರೊಬ್ಬರು ಬಂದರು. ಅವರ ಮಾತು ತಿರುಗಿಸಲು ಇವಳೇ ನಿಂತಳು. ಈ ಪುಸ್ತಕದೊಳಗೆ ಬರೆದವನ ಹೆಸರು ಎಲ್ಲೂ ಇಲ್ಲ, ಮಾರ್ಕ ಬರೆದನೆಂಬುದು ಹಿಂದಿನವರು ಹೇಳಿಕೊಂಡು ಬಂದದ್ದು, ಅದನ್ನು ಒಪ್ಪದ ಪಂಡಿತರೂ ಇದ್ದಾರೆ ಎಂದರು ಅಧ್ಯಾಪಕರು.

ಮುಂದಿನ ಸಾಲಿನಿಂದ ಚಿಕ್ಕಪ್ಪ ಬಗ್ಗಿ ಪಿಸುಗುಟ್ಟಿದರು. "ಅದೊಂದು ಬಿಟ್ಟು ಹೇಳಮ್ಮ. ಜನರ ನಂಬಿಕೆ ಅಲುಗಾಡುತ್ತೆ."

ಅವಳು ಚಿಕ್ಕಪ್ಪನ ಮುಖ ನೋಡಿದಳು. ಆದರೂ ಒಂದಕ್ಷರ ಬಿಡದೆ ಹೇಳಿದಳು.

"ಹಾಗಾದ್ರೆ ಹಿಂದಿನವರು ಮಾರ್ಕನ ಹೆಸರೇ ಯಾಕೆ ಹೇಳಿದ್ರು?" ಎಂದು ತರಗತಿಗೆ ಬರುತ್ತಿದ್ದ ಬೇಕರಿಯವನು ಕೇಳಿದ.

ಮಾರ್ಕ ಯೇಸುವಿನ ಹಿರಿಯ ಶಿಷ್ಯ ಪೇತ್ರನ ದುಭಾಷಿಯಾಗಿದ್ದನಂತೆ, ಕೇಳಿದ್ದರಲ್ಲಿ ಏನನ್ನೂ ಬಿಡದೆ ಬರೆದನಂತೆ ಎಂದು ಅಧ್ಯಾಪಕರು ಉತ್ತರಿಸಿದರು. ಅದನ್ನು ತಿರುಗಿಸುವಾಗ ಅವಳ ದನಿ ತಾನಾಗಿ ಏರಿತು.

ಹೊರಗೆ ಮೆಟ್ಟಿಲ ಬಳಿ ಚಿಕ್ಕಪ್ಪ ತಡೆದರು. "ನಾಲ್ಕು ಜನರ ಮುಂದೆ ನನ್ನ ಮಾನ ಕಳೆದೆ."

"ಚಿಕ್ಕಪ್ಪಾ, ಯೇಸು ಯಾರೋ ಗೊತ್ತಿಲ್ಲ ಅಂತ ಪೇತ್ರ ಮೂರು ಸಲ ಅಂದದ್ದು ಈ ಪುಸ್ತಕದಲ್ಲೇ ಇದೆ. ಬರೆದೋನು ಮಾರ್ಕನೇ ಆಗಲಿ, ಇನ್ನೊಬ್ಬನೇ ಆಗಲಿ, ದೊಡ್ಡವರ ಮಾನ ಹೋಗುತ್ತೆ ಅಂತ ಅದನ್ನ ಬಿಡಲಿಲ್ಲ. ನಾನ್ಯಾಕೆ ಬಿಡಲಿ?"

"ಇನ್ನು ತರಗತಿ ಕಡೆ ತಲೆ ಹಾಕಬೇಡ."

"ಆಗಲಿ. ಓದೋದು ಬಿಡು ಅಂತ ಮಾತ್ರ ಹೇಳಬೇಡಿ. ಕೇಳೋದಿಲ್ಲ."

ಮುಂದಿನ ಮಂಗಳವಾರ ತನ್ನ ಮನೆಯ ನಡುಕೋಣೆಯಲ್ಲೇ ಚಾಪೆ ಹಾಸಿದಳು. ಗಡಿಯಾರ ರಿಪೇರಿ ಮಾಡುವ ಗಂಡ ಗೊಣಗುತ್ತಲೇ ತನ್ನ ಸ್ಪ್ರಿಂಗು, ಸ್ಕ್ರೂಗಳನ್ನು ಡಬ್ಬಿಗೆ ತುಂಬಿಕೊಂಡು ಜಾಗ ಬಿಟ್ಟ. ಬಂದವರು ಮೂವರು: ಬೇಕರಿಯವನು, ಅವನ ಅತ್ತೆ, ಪಕ್ಕದ ಬೀದಿಯ ದರ್ಜಿ. ಅವಳು ಮೊದಲ ಅಧ್ಯಾಯದಿಂದ ಓದಿಸಿದಳು. ಬರೆದವನು ಯಾರೆಂದು ಯಾರಾದರೂ ಕೇಳಿದರೆ, ಗೊತ್ತಿರುವುದಿಷ್ಟು, ಗೊತ್ತಿಲ್ಲದ್ದು ಇಷ್ಟು ಎಂದು ಎರಡನ್ನೂ ಹೇಳಿದಳು.

ಚಿಕ್ಕಪ್ಪ ಮಾತು ಬಿಟ್ಟರು. ಬೀದಿಯಲ್ಲಿ ಎದುರಾದರೂ ಮುಖ ತಿರುಗಿಸಿ ಹೋಗುತ್ತಿದ್ದರು. ಅಂಥ ದಿನ ಅವಳಿಗೆ ಅನ್ನ ಸೇರುತ್ತಿರಲಿಲ್ಲ. ಆದರೆ ಮಂಗಳವಾರದ ಓದು ಒಂದು ವಾರವೂ ತಪ್ಪಲಿಲ್ಲ.

ಐದನೆಯ ವಾರ ಚಿಕ್ಕಮ್ಮ ಏದುಸಿರು ಬಿಡುತ್ತಾ ಬಾಗಿಲಲ್ಲಿ ನಿಂತರು.

"ಅವರು ಹೋಗಬೇಡ ಅಂದ್ರು. ‘ನಲವತ್ತು ವರ್ಷ ನಿಮ್ಮ ಪ್ರಸಂಗ ಕೇಳಿದ್ದೀನಿ, ಮಂಗಳವಾರ ನಂದು’ ಅಂತ ಹೇಳಿ ಬಂದೆ. ಮಂಡಿ ಮಡಚೋಕಾಗಲ್ಲ, ಒಂದು ಕುರ್ಚಿ ಕೊಡು."