ಡೆಲಿ ಬೋರ್ಡಿನ ಕೆಳಗೆ ಕಡಕ್ ರೊಟ್ಟಿ

ಮರಾಠಿ ನಾಡಿನ ಖರಾಡಿಯ ಒಂದು ದೊಡ್ಡ ಅಂಗಡಿಯಲ್ಲಿ ‘ಡೆಲಿ’ ಎಂಬ ಬೋರ್ಡಿನ ಕೆಳಗೆ ಜನ ಬೆಲೆ ಕೇಳದೆ ಕೊಳ್ಳುವುದನ್ನು ನೋಡಿದೆ. ನಾನು ಮಾರುವ ಜೋಳದ ಕಡಕ್ ರೊಟ್ಟಿಗೂ ಅಲ್ಲೇ ಜಾಗ ಬೇಕೆಂದು ಹಟ ಹಿಡಿದೆ.

ಮ್ಯಾನೇಜರ್ ಮೈಸೂರಿನ ಹುಡುಗಿ. “ಅಂಕಲ್, ಡೆಲಿ ಅಂದ್ರೆ ಚೀಸು, ಸಲಾಮಿ ಥರದ ಮಾಂಸ, ಅಂಥದ್ದು. ರೊಟ್ಟಿ ಹಪ್ಪಳದ ಸಾಲಿಗೆ ಹೋಗುತ್ತೆ” ಎಂದಳು.

ನಾನು ಮೊಬೈಲಿನಲ್ಲಿ ಓದಿಕೊಂಡೇ ಹೋಗಿದ್ದೆ. “ಮೂಲ ಜರ್ಮನ್ ಶಬ್ದ ಅದ ರೀ, ಮೇಡಂ. ಅಲ್ಲಿ ರುಚಿಯಾದ ತಿನಿಸಿಗೆ ಹಂಗ ಅಂತಿದ್ರು. ಅಮೆರಿಕದಾಗ ಸ್ಯಾಂಡ್‌ವಿಚ್ ಅಂಗಡಿಗೇ ಡೆಲಿ ಅಂತಾರ. ನೀವು ಗಾಜಿನ ಫ್ರಿಜ್ಜಿಗೆ ಅಂತೀರಿ. ಇಷ್ಟು ಮಂದಿಗೆ ಒಗ್ಗಿದ್ದು ನನ್ನ ರೊಟ್ಟಿಗೆ ಒಗ್ಗೂದಿಲ್ಲೇನ್ರಿ?”

ಅವಳು ನಕ್ಕಳು. “ಆಯ್ತು, ಫ್ರಿಜ್ಜಲ್ಲಿ ಒಂದು ಶೆಲ್ಫ್ ಕೊಡ್ತೀನಿ. ಡೆಲಿ ಐಟಂ ಹೊರಗಿಡೋ ಹಾಗಿಲ್ಲ, ರೂಲ್ಸು.”

ಫ್ರಿಜ್ಜಿನ ತೇವಕ್ಕೆ ಕಡಕ್ ರೊಟ್ಟಿ ಮೆತ್ತಗಾದರೆ ಎರಡನೇ ಸಲ ಯಾರೂ ಕೊಳ್ಳುವುದಿಲ್ಲ. ಪ್ಯಾಕೆಟ್ ಬಿಚ್ಚಿ ಒಂದು ರೊಟ್ಟಿಯನ್ನು ಫ್ರಿಜ್ಜಿನಲ್ಲಿ, ಇನ್ನೊಂದನ್ನು ಹೊರಗೆ ಇಡಿಸಿ ಮಧ್ಯಾಹ್ನದವರೆಗೆ ಅಲ್ಲೇ ಕೂತೆ. ಆಮೇಲೆ ಎರಡನ್ನೂ ಅವಳ ಕೈಗೇ ಕೊಟ್ಟೆ. ಹೊರಗಿನದು ಚಟ್ಟನೆ ಮುರಿಯಿತು. ಫ್ರಿಜ್ಜಿನದು ಕರವಸ್ತ್ರದ ಹಾಗೆ ಮಡಚಿಕೊಂಡಿತು.

“ಇದನ್ನ ಮಾರಿದ್ರ ಗಿರಾಕಿ ನನಗಲ್ಲ, ನಿಮಗ ಬೈತಾರ್ರೀ” ಎಂದೆ.

ಫ್ರಿಜ್ಜಿನ ಪಕ್ಕದಲ್ಲಿ, ಅದೇ ಬೋರ್ಡಿನ ಕೆಳಗೆ, ನನಗೊಂದು ಮೇಜು ಸಿಕ್ಕಿತು. ಈಗ ಕೆಲವು ಗಿರಾಕಿಗಳು “ದೋನ್ ಡೆಲಿ ದ್ಯಾ”, ಎರಡು ಡೆಲಿ ಕೊಡಿ, ಎಂದು ಮರಾಠಿಯಲ್ಲಿ ಕೇಳುತ್ತ ರೊಟ್ಟಿಯ ಕಡೆ ಬೆರಳು ತೋರಿಸುತ್ತಾರಂತೆ. ಅವರನ್ನು ತಿದ್ದಬೇಡ ಎಂದು ಅವಳಿಗೆ ಹೇಳಿಟ್ಟಿದ್ದೇನೆ. ಜರ್ಮನಿಯಿಂದ ಇಲ್ಲಿತನಕ ಬಂದ ಶಬ್ದ, ಜೋಳದ ರೊಟ್ಟಿಯನ್ನೂ ಒಂದಿಷ್ಟು ಹೊರಲಿ.