ಐರ್ಲೆಂಡಿನ ಸೊಸೆಗೆ ಒಂದು ಖಣ

ಆ ಹಾಡುಗಾರನಿಗೆ ಮದುವೆಯಾಗಿದೆಯೋ ಇಲ್ಲವೋ ತಿಳಿಯದೆ ಗದ್ದೆಗೆ ಇಳಿಯುವುದಿಲ್ಲ ಎಂದು ನಾಟಿಗೆ ಬಂದ ಹನ್ನೊಂದು ಹೆಂಗಸರು ಬದುವಿನ ಮೇಲೆ ಕುಳಿತುಬಿಟ್ಟರು. ಹಾಡುಗಾರ ಐರ್ಲೆಂಡಿನವನು. ಮುಕ್ಕುಂದದ ನನ್ನ ಭಾವನ ಟ್ರ್ಯಾಕ್ಟರಿನ ಟೇಪ್‌ರೆಕಾರ್ಡರಿನಲ್ಲಿ ಸಿಕ್ಕಿಕೊಂಡು ಹೊರಬಾರದ ಕ್ಯಾಸೆಟ್ ಅವನದು. ಹದಿನೈದು ದಿನದಿಂದ ಅದನ್ನೇ ಕೇಳುತ್ತ ನಾಟಿ ನಡೆದಿತ್ತು. ಅಂದು ಕ್ಯಾಸೆಟ್ ಡಬ್ಬಿಯಲ್ಲಿದ್ದ ಇಂಗ್ಲಿಷ್ ಹಾಳೆಯಿಂದ ಅವನ ಜೀವನವನ್ನು ನಾನು ಓದಿ ಹೇಳಿದ್ದೇ ತಪ್ಪಾಯಿತು. ಬಡತನ, ಅರ್ಧಕ್ಕೆ ಬಿಟ್ಟ ಶಾಲೆ, ಒಡೆದುಹೋದ ಎರಡು ವಾದ್ಯತಂಡ, ಲಂಡನ್ನಿನಲ್ಲಿ ಬಂದ ಹೆಸರು, ಎಲ್ಲವೂ ಇತ್ತು. ಮದುವೆಯ ಮಾತಿರಲಿಲ್ಲ.

"ನಮ್ಮ ಕೂಡ ಹದಿನೈದು ದಿನ ದುಡದಾನ್ರಿ ಅಂವ," ಎಂದಳು ಗುಂಪಿನ ಹಿರಿಯಳು ಹುಲಿಗೆಮ್ಮ. "ಹಿಂಗ ಅಳಕೋತ ಹಾಡ್ತಾನ. ಲಗ್ನ ಆಗ್ಯಾದೋ ಇಲ್ಲೋ, ಖರೇ ಹೇಳ್ರಿ ಮಾಸ್ತರ."

ಕಾಲುವೆ ನೀರಿನ ಸರದಿ ಸಂಜೆಗೆ ಮುಗಿಯುವುದಿತ್ತು. ಕಿತ್ತಿಟ್ಟ ಸಸಿ ಬಾಡುತ್ತಿತ್ತು. ಭಾವ ನನ್ನ ತೋಳು ಹಿಡಿದು, "ಆಗ್ಯಾದ ಅನ್ನಲೇ, ನಿನ್ನ ಗಂಟೇನ್ ಹೋಗ್ತದ!" ಎಂದರು.

ತಿಳಿಯದ್ದನ್ನು ನಾನು ತರಗತಿಯಲ್ಲಿ ಎಂದೂ ಹೇಳಿದವನಲ್ಲ. ಅಂದು ಹೇಳಿದೆ. ಹೆಂಗಸರು ನಗುತ್ತ ಗದ್ದೆಗಿಳಿದರು. ಕತ್ತಲಾಗುವ ಮೊದಲೇ ನಾಟಿ ಮುಗಿಯಿತು.

ಮುಂದಿನ ವಾರ ಹುಲಿಗೆಮ್ಮ ಸಿಂಧನೂರಿನಿಂದ ತಂದ ರವಿಕೆಯ ಹಸಿರು ಖಣವೊಂದನ್ನು ನನ್ನ ಕೈಗಿಟ್ಟು, "ಸೊಸಿಗೆ ಕಳಸ್ರಿ, ಕುಬಸ ಹೊಲಿಸ್ಕೊಳ್ಳಲಿ" ಎಂದಳು.

ಖಣ ಇನ್ನೂ ನನ್ನ ಟ್ರಂಕಿನಲ್ಲಿದೆ. ಅವನ ಮದುವೆಯ ಸುದ್ದಿ ಎಲ್ಲಾದರೂ ಬಂದೀತೆಂದು ಅಂದಿನಿಂದ ಪತ್ರಿಕೆಯ ಒಂದು ಪುಟವನ್ನೂ ಬಿಡದೆ ಓದುತ್ತೇನೆ. ನನ್ನ ಮಾತು ನಿಜವಾಗಬೇಕಲ್ಲ.