ಶುಭ ಕೋರುವ ಆರು ಮಂದಿ

ಕಳೆದ ಆಗಸ್ಟ್ ಒಂಬತ್ತು, ಬೆಳಿಗ್ಗೆ ಹತ್ತು ಗಂಟೆ. ಹನ್ನೊಂದಕ್ಕೆ ಗುಂಡ್ಲುಪೇಟೆಯ ಕಾಲೇಜೊಂದರಲ್ಲಿ ನನ್ನ ಉಪನ್ಯಾಸವಿತ್ತು. ವಿಷಯ, ಹಾಂಗ್‌ಕಾಂಗಿನ ಕ್ಯಾಂಟನೀಸ್ ಚಿತ್ರಗಳಲ್ಲಿ ಐವತ್ತು ವರ್ಷ ನಟಿಸಿದ ಒಬ್ಬ ಪೋಷಕ ನಟ. ಅವರ ಆರು ಪಾತ್ರಗಳ ಚಿತ್ರಗಳನ್ನೂ, ಕಾಲೇಜಿನವರು ಕೇಳಿದರೆಂದು ನನ್ನದೊಂದನ್ನೂ ಅಲ್ಲಿನ ಫ್ಲೆಕ್ಸ್ ಅಂಗಡಿಗೆ ಮೊದಲೇ ಕಳುಹಿಸಿದ್ದೆ.

ಚಾಮರಾಜನಗರದ ಬಸ್ಸಿನಿಂದಿಳಿದು ಅಂಗಡಿಗೆ ಹೋದರೆ, ಫ್ಲೆಕ್ಸಿನ ತುಂಬ ನಾನೇ ಇದ್ದೆ. ಕೆಳಗೆ ಪುಟ್ಟ ವೃತ್ತಗಳಲ್ಲಿ ಆ ಆರು ಮುಖಗಳು. ಅವುಗಳ ಮೇಲೆ ‘ಶುಭ ಕೋರುವವರು’.

“ಇವರು ಆರು ಜನರಲ್ಲ, ಒಬ್ಬರೇ,” ಎಂದೆ.

“ಬುಡಿ ಮೇಡಂ. ಈ ಅಜ್ಜಿ?”

“ಅವರೇ.”

“ಈ ಬೋಳುತಲೆ ಸನ್ಯಾಸಿ?”

“ಅವರೇ.”

ಅಂಗಡಿಯವನು ಪಕ್ಕದ ಟೀ ಅಂಗಡಿಯವನನ್ನು ಕರೆದ. ಅವನು ಬಗ್ಗಿ ನೋಡಿ, “ಅಜ್ಜಿ ಮೂಗೇ ಬೇರೆ ಕಣ್ಲಾ. ಮೇಡಂಗೆ ಯಾರೋ ಯಾಮಾರ್ಸವ್ರೆ,” ಎಂದ.

ಬೇರೆ ಮುದ್ರಿಸೋಣವೆಂದರೆ ಕರೆಂಟಿರಲಿಲ್ಲ. ನನ್ನ ಸಹನೆ ತೀರಿತ್ತು. ಆದರೂ ಆ ನಟನ ಸಾಮರ್ಥ್ಯಕ್ಕೆ ನನ್ನ ಇಡೀ ಉಪನ್ಯಾಸಕ್ಕಿಂತ ಈ ಇಬ್ಬರ ಹಟವೇ ಉತ್ತಮ ಸಾಕ್ಷಿಯೆಂದು ಒಪ್ಪಲೇಬೇಕಾಯಿತು.

ನನ್ನ ಭಾವಚಿತ್ರವನ್ನು ಕತ್ತರಿಸಿ ತೆಗೆಸಿ, ಶುಭ ಕೋರುವವರನ್ನು ಮಾತ್ರ ವೇದಿಕೆಯ ಮೇಲೆ ಕಟ್ಟಿಸಲು ನಿರ್ಧರಿಸಿದೆ.